‘ತೊಂ’ ಎಲ್ಲಿ ಹೋಯಿತು? – ಮೃದಂಗದ ಪಾಠ, ವೀಡಿಯೊ ತಂತ್ರಾಂಶ ಮತ್ತು ನಮ್ಮದೇ ಒಂದು ತರಗತಿ



ಈ ಬಾರಿಯ ಲೇಖನ ಸ್ವಲ್ಪ ತಾಂತ್ರಿಕ. ಆದರೆ ಹೆದರಬೇಡಿ, ಶುರುವಾಗುವುದು ನಮ್ಮ ಮನೆಯ ಹಜಾರದಿಂದ. ನಿಮ್ಮ ಮಕ್ಕಳೂ ಊರಿನ ಗುರುಗಳ ಬಳಿ ಅಂತರ್ಜಾಲದಲ್ಲಿ ಹಾಡನ್ನೋ ವಾದ್ಯವನ್ನೋ ಕಲಿಯುತ್ತಿದ್ದರೆ ಬಿಡುವು ಮಾಡಿಕೊಂಡು ಓದಿ. ಮನೆಯಲ್ಲೇ ಮಾಡಿನೋಡಲು ಒಂದಿಷ್ಟು ಕೆಲಸವೂ ಇದೆ.

ನನ್ನ ಮಗನಿಗೆ ಒಂಬತ್ತು ವರ್ಷ. ಐಂಡ್‌ಹೋವನ್‌ನ ನಮ್ಮ ಸಾಲುಮನೆಯಲ್ಲಿ ಕೂತು ಪ್ರತಿ ಭಾನುವಾರ ಬೆಳಿಗ್ಗೆ ಹತ್ತು ಗಂಟೆಗೆ ಮೈಸೂರಿನ ಮೇಷ್ಟ್ರಿಂದ ಮೃದಂಗ ಕಲಿಯುತ್ತಾನೆ. (ಅಲ್ಲಿ ಆಗ ಮಧ್ಯಾಹ್ನ ಒಂದೂವರೆ, ಚಳಿಗಾಲದಲ್ಲಿ ಎರಡೂವರೆ. ನಮ್ಮ ಗಡಿಯಾರದ ದೆಸೆಯಿಂದ ಮೇಷ್ಟ್ರ ಊಟದ ಹೊತ್ತು ವರ್ಷಕ್ಕೆ ಎರಡು ಸಲ ಬದಲಾಗುತ್ತದೆ!) ಮೊದಲ ಪಾಠ ನಿಮಗೆಲ್ಲ ಗೊತ್ತಿರುವುದೇ: ತ, ದಿ, ತೊಂ, ನಂ. ಇದರಲ್ಲಿ ‘ತೊಂ’ ಎಡಗೈಯದು.

ಒಂದು ಭಾನುವಾರ ಮೇಷ್ಟ್ರು, “ಪುಟ್ಟಾ, ಎಡಗೈ ಕೇಳಿಸ್ತಾ ಇಲ್ಲ ಕಣೋ, ಸ್ವಲ್ಪ ಬಿಚ್ಚಿ ನುಡಿಸು” ಅಂದರು. ಮುಂದಿನ ವಾರವೂ ಅದೇ ಮಾತು. ಮೂರನೆಯ ವಾರ ನನ್ನನ್ನು ಕರೆದು, “ಏನ್ರೀ, ವಾರವಿಡೀ ಮೃದಂಗದ ಮೇಲಿನ ಬಟ್ಟೆ ತೆಗೀತೀರೋ ಇಲ್ವೋ?” ಎಂದು ಕೇಳಿದರು. ನಾನು ತಲೆ ತಗ್ಗಿಸಿದೆ. ತರಗತಿ ಮುಗಿದ ಮೇಲೆ ಮಗನಿಗೆ ನನ್ನ ಕಡೆಯಿಂದಲೂ ಒಂದಿಷ್ಟು ಅರ್ಚನೆಯಾಯಿತು. ಪಾಪ, ಅವನು ಇನ್ನೂ ಜೋರಾಗಿ ಬಾರಿಸತೊಡಗಿದ. ಅಂಗೈ ಕೆಂಪಗಾಯಿತು. ನಾಲ್ಕನೆಯ ಭಾನುವಾರ ಬೆಳಿಗ್ಗೆ ಹಾಸಿಗೆಯಿಂದ ಏಳಲೇ ಇಲ್ಲ. “ಅಪ್ಪಾ, ನಂಗೆ ಮೃದಂಗ ಬೇಡ” ಅಂದುಬಿಟ್ಟ.

ತಮಾಷೆಯೆಂದರೆ, ಅದೇ ವಾರ ಪಕ್ಕದ ಮನೆಯ ಡಚ್ ಅಜ್ಜಿ ಬಾಗಿಲಲ್ಲಿ ಸಿಕ್ಕಿ, ನಿಮ್ಮ ಹುಡುಗನ ಡ್ರಮ್ಮು ಭಾನುವಾರ ಗೋಡೆಯನ್ನೇ ನಡುಗಿಸುತ್ತದೆ ಎಂದು ನಗುತ್ತ ಹೇಳಿದ್ದರು. ಇಟ್ಟಿಗೆ ಗೋಡೆಯಾಚೆಗೆ ಕೇಳುವ ‘ತೊಂ’ ಮೇಷ್ಟ್ರಿಗೆ ಮಾತ್ರ ಕೇಳುತ್ತಿಲ್ಲ! ಆಗ ನನಗೆ ತಲೆಯಲ್ಲಿ ದೀಪ ಹತ್ತಿತು. ಮಗ ನುಡಿಸಿದ್ದನ್ನು ಮೇಜಿನ ಮೇಲಿಟ್ಟ ಧ್ವನಿಮುದ್ರಕದಲ್ಲಿ ಹಿಡಿದು, ಕಡತವಾಗಿ ಮೇಷ್ಟ್ರಿಗೆ ಕಳಿಸಿದೆ. ಹತ್ತು ನಿಮಿಷದಲ್ಲಿ ಅವರ ಕರೆ ಬಂತು: “ಇದು ಅವನೇ ನುಡಿಸಿದ್ದಾ? ಎಡಗೈ ಚೆನ್ನಾಗೇ ಇದೆಯಲ್ರೀ!”

ಹುಡುಗನದು ತಪ್ಪಿರಲಿಲ್ಲ. ನಾವು ಬಳಸುತ್ತಿದ್ದ ವೀಡಿಯೊ ತಂತ್ರಾಂಶ ಅವನ ಎಡಗೈಯನ್ನು ‘ಗದ್ದಲ’ ಎಂದು ತೀರ್ಮಾನಿಸಿ ದಾರಿಯಲ್ಲೇ ಸೋಸಿಬಿಡುತ್ತಿತ್ತು. ಎಲೆಕ್ಟ್ರಾನಿಕ್ಸ್ ಬಿ.ಇ. ಓದಿ, ಸಿಗ್ನಲ್ ಪ್ರೊಸೆಸಿಂಗ್ ಪರೀಕ್ಷೆ ಪಾಸು ಮಾಡಿದ ಅಪ್ಪನಿಗೆ ಇದು ತಿಳಿಯಲು ಒಂದು ತಿಂಗಳು ಬೇಕಾಯಿತು. ಆ ನಾಚಿಕೆಯಿಂದಲೇ ಈ ಪಾಠ ಬರೆಯುತ್ತಿದ್ದೇನೆ.

ಮೃದಂಗದ ಎರಡು ಮುಖ

ಶಬ್ದವೆಂದರೆ ಗಾಳಿಯ ಕಂಪನ. ಸೆಕೆಂಡಿಗೆ ಎಷ್ಟು ಸಲ ಕಂಪಿಸುತ್ತದೆ ಎಂಬುದನ್ನು ಹರ್ಟ್ಸ್‌ನಲ್ಲಿ ಅಳೆಯುತ್ತಾರೆ. ನಮ್ಮ ಕಿವಿಗೆ ಸುಮಾರು 20ರಿಂದ 20,000 ಹರ್ಟ್ಸ್‌ವರೆಗೆ ಕೇಳುತ್ತದೆ. ಹಳೆಯ ದೂರವಾಣಿ ಸಾಗಿಸುತ್ತಿದ್ದದ್ದು 300ರಿಂದ 3,400 ಹರ್ಟ್ಸ್ ಮಾತ್ರ. ಮಾತು ಅರ್ಥವಾಗಲು ಅಷ್ಟು ಸಾಕು.

ಮೃದಂಗದ ಬಲಮುಚ್ಚಿಗೆಯ ನಡುವೆ ಕಪ್ಪು ಕರಣೆ ಇರುತ್ತದೆ. ಬರೀ ಚರ್ಮದ ಉಪಸ್ವರಗಳು ಒಂದಕ್ಕೊಂದು ಹೊಂದುವುದಿಲ್ಲ. ಅದಕ್ಕೇ ಸಾಮಾನ್ಯ ಡೋಲಿನಿಂದ ಶ್ರುತಿ ಹೊರಡುವುದಿಲ್ಲ. ಕರಣೆಯ ಭಾರ ಆ ಉಪಸ್ವರಗಳನ್ನು ಮೂಲಸ್ವರದ ಎರಡರಷ್ಟು, ಮೂರರಷ್ಟು ಎಂಬ ಲೆಕ್ಕಕ್ಕೆ ತಂದು ಕೂರಿಸುತ್ತದೆ. ಇದನ್ನು ವಿಜ್ಞಾನದ ಕಣ್ಣಿನಿಂದ ತೋರಿಸಿದವರು ಸರ್ ಸಿ. ವಿ. ರಾಮನ್. 1920ರಲ್ಲಿ ಶಿವಕಾಳಿ ಕುಮಾರ್ ಅವರೊಂದಿಗೆ ‘ನೇಚರ್’ ಪತ್ರಿಕೆಯಲ್ಲಿ ಬರೆದರು. ಬೆಂಗಳೂರಿಗೆ ಬಂದ ಮೇಲೆ 1934ರಲ್ಲಿ ಮತ್ತೆ ವಿಸ್ತಾರವಾಗಿ ಪ್ರಕಟಿಸಿದರು.

ಎಡಮುಚ್ಚಿಗೆಯ ಕತೆ ಬೇರೆ. ಅದಕ್ಕೆ ನುಡಿಸುವ ಮುನ್ನ ರವೆ ಕಲಸಿ ಮೆತ್ತುತ್ತಾರೆ. ಭಾರ ಹೆಚ್ಚಿದಷ್ಟೂ ಸ್ವರ ಕೆಳಗಿಳಿಯುತ್ತದೆ. ಗಣಕಯಂತ್ರಕ್ಕೆ ಹಾಕಿ ನೋಡಿದಾಗ ನಮ್ಮ ಮನೆಯ ಮೃದಂಗದ ‘ತೊಂ’ ಸುಮಾರು 90 ಹರ್ಟ್ಸ್‌ನಲ್ಲಿತ್ತು. ಇಷ್ಟು ಕೆಳಗಿನ ದನಿ ಗೋಡೆಯನ್ನು ಸುಲಭವಾಗಿ ದಾಟುತ್ತದೆ (ಪಕ್ಕದ ಮನೆಯ ಅಜ್ಜಿ ಸಾಕ್ಷಿ!). ಆದರೆ ಫೋನಿನ ಪುಟ್ಟ ಸ್ಪೀಕರಿನಿಂದ ಅದು ಹೊರಡುವುದೇ ಕಷ್ಟ.

ತಂತ್ರಾಂಶ ನಾಲ್ಕು ಕಡೆ ಕತ್ತರಿ ಹಾಕುತ್ತದೆ

ವೀಡಿಯೊ ಸಂಭಾಷಣೆಯ ತಂತ್ರಾಂಶಗಳೆಲ್ಲ ಮೂಲತಃ ಮಾತಿಗಾಗಿ ಹುಟ್ಟಿದವು. ಕಛೇರಿಯ ಮೀಟಿಂಗಿಗೆ (ಸಂಗೀತ ಕಛೇರಿಗಲ್ಲ!) ಬೇಕಾದ ನಾಲ್ಕು ಉಪಕಾರಗಳನ್ನು ಅವು ಮಾಡುತ್ತವೆ.

1. ಪ್ರತಿಧ್ವನಿ ನಿವಾರಣೆ: ನಿಮ್ಮ ಸ್ಪೀಕರಿನ ದನಿ ನಿಮ್ಮದೇ ಮೈಕಿಗೆ ಬಿದ್ದು ವಾಪಸು ಹೋಗದಂತೆ ಕಳೆಯುತ್ತದೆ. ಮೇಷ್ಟ್ರು ತಾಳ ಹಾಕುವಾಗಲೇ ಹುಡುಗ ನುಡಿಸಿದರೆ ಅವನ ನುಡಿಸುವಿಕೆಯೂ ಅದರ ಜೊತೆ ಕಳೆದುಹೋಗಬಹುದು.

2. ಗದ್ದಲ ನಿವಾರಣೆ: ಫ್ಯಾನು, ವಾಷಿಂಗ್ ಮೆಷಿನ್ನು ಇತ್ಯಾದಿ ಗುಂಯ್‌ಗುಡುವ ದನಿಗಳನ್ನು ಅಡಗಿಸುತ್ತದೆ. ತಂಬೂರಿಯ ನಾದ, ಅಂಗೈ ಜಾರಿಸಿ ತೆಗೆಯುವ ಗುಮ್ಕಿ – ಇವೂ ಅದರ ಪಾಲಿಗೆ ಫ್ಯಾನೇ.

3. ತಾನಾಗಿ ದನಿ ಹೊಂದಿಸುವುದು: ಮೆಲ್ಲಗಿನದನ್ನು ಏರಿಸುತ್ತದೆ, ಜೋರಿನದನ್ನು ಇಳಿಸುತ್ತದೆ. ಹುಡುಗ ಜೋರಾಗಿ ಬಾರಿಸಿದಷ್ಟೂ ಯಂತ್ರ ದನಿ ತಗ್ಗಿಸುತ್ತಿತ್ತು! ಮಗ ಒಂದು ತಿಂಗಳು ಸೆಣಸಿದ್ದು ಇದರೊಂದಿಗೆ.

4. ಕೆಳದನಿಯ ಸೋಸುವಿಕೆ: ಮೇಜಿನ ಅದುರು, ಗಾಳಿಯ ಹೊಡೆತ ಬೇಡವೆಂದು ಸುಮಾರು ನೂರು ಹರ್ಟ್ಸ್‌ಗಿಂತ ಕೆಳಗಿನದನ್ನು ಕಡಿಮೆ ಮಾಡುತ್ತದೆ. ನಮ್ಮ ‘ತೊಂ’ ಸರಿಯಾಗಿ ಈ ಗೆರೆಯ ಕೆಳಗೇ ಸಿಕ್ಕಿಬಿದ್ದಿತ್ತು.

ಯಾರಿಗೂ ಕೆಟ್ಟ ಉದ್ದೇಶವಿಲ್ಲ. ಆದರೆ ಯಾವುದು ಸಂಗೀತ, ಯಾವುದು ಗದ್ದಲ ಎಂಬ ತೀರ್ಮಾನ ನಮ್ಮ ಕೈಯಲ್ಲಿ ಇರಲಿಲ್ಲ. ಅದನ್ನು ವಾಪಸು ನಮ್ಮ ಕೈಗೆ ತಂದುಕೊಳ್ಳುವುದೇ ಈ ಪಾಠದ ಸಾರ.

ಇಂದೇ ಮಾಡಬಹುದಾದ ಮದ್ದು

ನೀವು ಬಳಸುವ ತಂತ್ರಾಂಶದಲ್ಲಿ ಸಂಗೀತಕ್ಕಾಗಿ ಅಥವಾ ‘ಮೂಲ ಧ್ವನಿ’ಗಾಗಿ ಆಯ್ಕೆ ಇದೆಯೇ ಎಂದು ಧ್ವನಿಯ ಸೆಟ್ಟಿಂಗಿನಲ್ಲಿ ಹುಡುಕಿ. ಇದ್ದರೆ ಅದನ್ನು ಒತ್ತಿ. ಎರಡೂ ಕಡೆ ತಂತಿಯ ಹೆಡ್‌ಫೋನ್ ಹಾಕಿಕೊಳ್ಳಿ. ಫೋನಿಗಿಂತ ಲ್ಯಾಪ್‌ಟಾಪ್ ವಾಸಿ, ಏಕೆಂದರೆ ಫೋನು ತನ್ನದೇ ಸಂಸ್ಕರಣೆಯನ್ನೂ ಸೇರಿಸಬಹುದು. ಮೈಕು ವಾದ್ಯದಿಂದ ಎರಡು-ಮೂರು ಅಡಿ ದೂರದಲ್ಲಿ, ಸ್ವಲ್ಪ ಎಡಮುಚ್ಚಿಗೆಯ ಕಡೆಗೆ ಇರಲಿ. ಮುಖ್ಯವಾಗಿ ಗುರುಗಳಿಗೂ ಒಂದು ಒಳ್ಳೆಯ ಹೆಡ್‌ಫೋನ್ ಕಳಿಸಿಕೊಡಿ. ಗುರುದಕ್ಷಿಣೆ ಅಂದುಕೊಳ್ಳಿ! ಎಷ್ಟೋ ಮನೆಗಳಲ್ಲಿ ತೊಂದರೆ ಇಷ್ಟಕ್ಕೇ ಪರಿಹಾರವಾಗುತ್ತದೆ.

ನಮ್ಮದೇ ತರಗತಿ: ಜಿತ್ಸಿ

ನಮ್ಮ ಬಳಿ ಮೃದಂಗದ ತರಗತಿ, ಹಾಡಿನ ತರಗತಿ, ಮಕ್ಕಳ ಕನ್ನಡ ತರಗತಿ ಮೂರೂ ಇದ್ದುದರಿಂದ ನಾವು ಕೆಲವರು ಸೇರಿ ಮುಂದಿನ ಹೆಜ್ಜೆ ಇಟ್ಟೆವು. ಅದು ‘ಜಿತ್ಸಿ ಮೀಟ್’ ಎಂಬ ಮುಕ್ತ ತಂತ್ರಾಂಶ. ಸ್ಟ್ರಾಸ್‌ಬುರ್ಗ್ ವಿಶ್ವವಿದ್ಯಾಲಯದಲ್ಲಿ ಓದುತ್ತಿದ್ದ ಬಲ್ಗೇರಿಯಾದ ಎಮಿಲ್ ಇವೋವ್ 2003ರಲ್ಲಿ ಇದರ ಮೂಲರೂಪವನ್ನು ‘ಎಸ್‌ಐಪಿ ಕಮ್ಯುನಿಕೇಟರ್’ ಎಂಬ ಹೆಸರಿನಲ್ಲಿ ಆರಂಭಿಸಿದರು. ‘ಜಿತ್ಸಿ’ ಎಂದರೆ ಬಲ್ಗೇರಿಯನ್ ಭಾಷೆಯಲ್ಲಿ ತಂತಿಗಳು. 2015ರಲ್ಲಿ ಅಟ್ಲಾಸಿಯನ್, 2018ರಲ್ಲಿ 8×8 ಸಂಸ್ಥೆ ಇದನ್ನು ಕೊಂಡವು. ಆದರೂ ಮೂಲಸಂಕೇತ ಎಲ್ಲರಿಗೂ ತೆರೆದೇ ಇದೆ.

ನಾವಿರುವ ನಾಡಿಗೂ ಇದಕ್ಕೂ ಒಂದು ನಂಟಿದೆ. ಯೂರೋಪು ಅಮೆರಿಕದ ಎನ್‌ಎಸ್‌ಎಫ್‌ನೆಟ್ ಜಾಲಕ್ಕೆ ಸೇರಿಕೊಂಡದ್ದು 1988ರ ನವೆಂಬರ್ 17ರಂದು, ಆಮ್‌ಸ್ಟರ್‌ಡ್ಯಾಮಿನ ಸಿಡಬ್ಲ್ಯುಐ ಸಂಶೋಧನಾ ಕೇಂದ್ರದ ಮೂಲಕ. ಅದೇ ಕಾಲದ ಬಳುವಳಿ ‘ಎನ್‌ಎಲ್‌ನೆಟ್’. 1997ರಲ್ಲಿ ತನ್ನ ಅಂತರ್ಜಾಲ ಸೇವೆಯ ವ್ಯವಹಾರವನ್ನು ಮಾರಿ, ಬಂದ ಹಣದಲ್ಲಿ ಈ ಡಚ್ ಪ್ರತಿಷ್ಠಾನ ಮುಕ್ತ ತಂತ್ರಾಂಶಗಳಿಗೆ ನೆರವು ಕೊಡುತ್ತ ಬಂತು. ಹಳೆಯ ಹೆಸರಿನಲ್ಲಿದ್ದ ಕಾಲದಲ್ಲೇ ಜಿತ್ಸಿಗೂ ಅದರ ಸಹಾಯ ದೊರಕಿತ್ತು.

ಕಟ್ಟುವುದು ಹೇಗೆ?

ಜಿತ್ಸಿಯೊಳಗೆ ನಾಲ್ಕು ಭಾಗಗಳಿವೆ. ಕಣ್ಣಿಗೆ ಕಾಣುವ ಜಾಲಪುಟ. ಯಾರು ಬಂದರು, ಯಾರು ಹೋದರು ಎಂಬ ಸುದ್ದಿ ಸಾಗಿಸುವ ‘ಪ್ರಾಸೊಡಿ’. ಯಾರನ್ನು ಯಾರೊಂದಿಗೆ ಕೂಡಿಸಬೇಕೆಂದು ನೋಡುವ ‘ಜಿಕೊಫೊ’. ದನಿ ಮತ್ತು ಚಿತ್ರಗಳನ್ನು ಒಬ್ಬರಿಂದ ಪಡೆದು ಉಳಿದವರಿಗೆ ಹಂಚುವ ‘ವೀಡಿಯೊಬ್ರಿಡ್ಜ್’. ಮದುವೆ ಮನೆಗೆ ಹೋಲಿಸಿದರೆ ಚಪ್ಪರ, ಸುದ್ದಿಯವನು, ಓಡಾಡುವ ಸೋದರಮಾವ ಮತ್ತು ಬಡಿಸುವವರು!

ಈ ನಾಲ್ಕನ್ನೂ ಬೇರೆ ಬೇರೆಯಾಗಿ ಅಳವಡಿಸುವ ಬದಲು ಜಿತ್ಸಿಯವರೇ ‘ಡಾಕರ್’ ಪೊಟ್ಟಣಗಳಾಗಿ ಕೊಡುತ್ತಾರೆ. ನಾವು ಮಾಡಿದ ಕ್ರಮ ಇದು:

1. ಎರಡು ಪ್ರೊಸೆಸರ್, ನಾಲ್ಕು ಜಿಬಿ ಮೆಮೊರಿ ಇರುವ ಸಣ್ಣ ಲಿನಕ್ಸ್ ಸರ್ವರ್ ಬಾಡಿಗೆಗೆ ಪಡೆದು, ಬಳಗದ ಜಾಲತಾಣದ ಕೆಳಗೇ ಒಂದು ವಿಳಾಸ ಕೊಟ್ಟೆವು. ಹತ್ತು ಹನ್ನೆರಡು ಮಕ್ಕಳ ತರಗತಿಗೆ ಇಷ್ಟು ಸಾಕಾಗಿದೆ.

2. ಜಿತ್ಸಿಯ ಡಾಕರ್ ಬಿಡುಗಡೆಯನ್ನು ಇಳಿಸಿಕೊಂಡು, ಅದರ ಜೊತೆ ಬರುವ ಮಾದರಿ ‘ಎನ್ವ್’ ಕಡತವನ್ನು ನಕಲು ಮಾಡಿ ನಮ್ಮ ವಿಳಾಸ, ಕಾಲವಲಯ ತುಂಬಿದೆವು. ಒಳಗಿನ ಭಾಗಗಳ ಗುಪ್ತಪದಗಳನ್ನು ಹುಟ್ಟಿಸಲು ಅದರಲ್ಲೇ ಒಂದು ಸ್ಕ್ರಿಪ್ಟ್ ಇದೆ. ಮರೆಯದೆ ಅದನ್ನು ಓಡಿಸಿ.

3. ಮಾದರಿಯಲ್ಲಿ 8000 ಮತ್ತು 8443 ಎಂದಿರುವ ಪೋರ್ಟುಗಳನ್ನು 80 ಮತ್ತು 443 ಮಾಡಿ, ‘ಲೆಟ್ಸ್ ಎನ್‌ಕ್ರಿಪ್ಟ್’ ಪ್ರಮಾಣಪತ್ರ ಚಾಲೂ ಮಾಡಿದೆವು. ಇವೆರಡರ ಜೊತೆ ಯುಡಿಪಿ 10000 ಪೋರ್ಟನ್ನು ಫೈರ್‌ವಾಲ್‌ನಲ್ಲಿ ತೆರೆಯಬೇಕು. ಇಬ್ಬರಿದ್ದಾಗ ಎಲ್ಲ ಸರಿಯಾಗಿದ್ದು ಮೂರನೆಯವರು ಬಂದೊಡನೆ ಚಿತ್ರ, ದನಿ ಎರಡೂ ಹೋದರೆ ಮೊದಲು ನೋಡಬೇಕಾದ್ದು ಈ ಪೋರ್ಟನ್ನೇ. ಇಬ್ಬರಿದ್ದಾಗ ಅವರು ನೇರವಾಗಿ ಮಾತಾಡಬಲ್ಲರು. ಮೂವರಾದರೆ ಬ್ರಿಡ್ಜ್ ಬೇಕೇ ಬೇಕು.

4. ಕೊಠಡಿ ತೆರೆಯಲು ಗುರುಗಳಿಗೆ ಮತ್ತು ಸಂಚಾಲಕರಿಗೆ ಮಾತ್ರ ಗುಪ್ತಪದ. ಮಕ್ಕಳು ಅತಿಥಿಗಳಾಗಿ ಬರುತ್ತಾರೆ. ಇಲ್ಲದಿದ್ದರೆ ದಾರಿಹೋಕರೆಲ್ಲ ನಮ್ಮ ಜಗಲಿಯಲ್ಲಿ ಕೂರುತ್ತಾರೆ.

ಇನ್ನು ಮುಖ್ಯ ವಿಷಯ, ‘ತೊಂ’. ಜಾಲಪುಟದ ಕಾನ್ಫಿಗ್ ಕಡತದಲ್ಲಿ ‘ಡಿಸೇಬಲ್‌ಎಪಿ’ ಎಂಬ ಆಯ್ಕೆ ಇದೆ. ಇದನ್ನು ‘ಟ್ರೂ’ ಮಾಡಿದರೆ ಧ್ವನಿ ಸಂಸ್ಕರಣೆ ಪೂರ್ತಿ ನಿಲ್ಲುತ್ತದೆ. ಅದರ ಪಕ್ಕದಲ್ಲೇ ‘ಆಡಿಯೊಕ್ವಾಲಿಟಿ’ ಎಂಬ ಗುಂಪಿನಲ್ಲಿ ಓಪಸ್ ಸಂಕೇತಕ್ಕೆ ಎಷ್ಟು ಬಿಟ್ ಕೊಡಬೇಕೆಂದು ಹೇಳಬಹುದು. 2012ರಲ್ಲಿ ಅಂತರ್ಜಾಲದ ಮಾನಕವಾದ ಓಪಸ್, 6ರಿಂದ 510 ಕಿಲೋಬಿಟ್‌ವರೆಗೆ ಕೆಲಸ ಮಾಡುತ್ತದೆ. ಮಾತಿಗೊಂದು, ಸಂಗೀತಕ್ಕೊಂದು ಎಂದು ಅದರೊಳಗೆ ಎರಡು ವಿಧಾನಗಳಿವೆ. ನಾವು 128 ಕಿಲೋಬಿಟ್ ಇಟ್ಟಿದ್ದೇವೆ. ಒಂದೇ ಮೈಕಿನ ಮೃದಂಗಕ್ಕೆ ಸ್ಟೀರಿಯೊ ಬೇಕಿಲ್ಲ.

ಎಚ್ಚರಿಕೆ: ಇದರಿಂದ ಪ್ರತಿಧ್ವನಿ ನಿವಾರಣೆಯೂ ನಿಲ್ಲುತ್ತದೆ. ಹೆಡ್‌ಫೋನ್ ಇಲ್ಲದೆ ಬಂದರೆ ಕಿವಿ ಕಿವುಡಾಗುವಂತೆ ಕೂಗುತ್ತದೆ. ಆದ್ದರಿಂದ ನಾವು ಎರಡು ವಿಳಾಸ ಇಟ್ಟುಕೊಂಡಿದ್ದೇವೆ: ಸಂಸ್ಕರಣೆ ಇಲ್ಲದ್ದು ಸಂಗೀತಕ್ಕೆ, ಇರುವುದು ಕನ್ನಡ ತರಗತಿಗೆ.

ಪೊಟ್ಟಣ ಕಟ್ಟುವಾಗ

ಮೊದಲ ಸಲ ನಾನು ಒಂದು ತಪ್ಪು ಮಾಡಿದೆ. ಮೂಲ ಕಡತಗಳನ್ನೇ ತಿದ್ದಿದೆ. ಹೊಸ ಆವೃತ್ತಿ ಹಾಕಿದ ದಿನ ನನ್ನ ತಿದ್ದುಪಡಿಯೆಲ್ಲ ಅಳಿಸಿಹೋಗಿ, ‘ತೊಂ’ ಮತ್ತೆ ಮಾಯ! ಈಗ ನಮ್ಮ ಬದಲಾವಣೆಗಳೆಲ್ಲ ‘ಕಸ್ಟಮ್-ಕಾನ್ಫಿಗ್’ ಎಂಬ ಪ್ರತ್ಯೇಕ ಕಡತದಲ್ಲಿವೆ. ಜಿತ್ಸಿ ತನ್ನದನ್ನು ಓದಿದ ಮೇಲೆ ಇದನ್ನೂ ಓದುತ್ತದೆ. ಈ ಕಡತ, ಬಳಗದ ಲಾಂಛನ, ಗುಂಡಿಗಳ ಮೇಲಿನ ಕನ್ನಡ ಪದಗಳ ಕಡತ, ಒಂದು ಪುಟದ ಸೂಚನೆ – ಇಷ್ಟೇ ನಮ್ಮ ಪೊಟ್ಟಣ. ಬೇರೆ ಊರಿನ ಬಳಗದವರೂ ವಿಳಾಸ ಬದಲಿಸಿ ಬಳಸಬಹುದು. ಆವೃತ್ತಿಯ ಸಂಖ್ಯೆಯನ್ನು ಬರೆದಿಡಿ. ಹೊಸದನ್ನು ಶನಿವಾರ ಸಂಜೆ ಪರೀಕ್ಷಿಸಿ, ಭಾನುವಾರ ಬೆಳಿಗ್ಗೆ ಅಲ್ಲ.

ಪರವಾನಗಿ ಅಪಾಚೆ 2.0. ತಿದ್ದಬಹುದು, ಹಂಚಬಹುದು. ಆದರೆ ಪರವಾನಗಿಯ ಪ್ರತಿ ಜೊತೆಗಿರಬೇಕು, ತಿದ್ದಿದ ಕಡತಗಳಲ್ಲಿ ತಿದ್ದಿದ್ದೇವೆಂದು ಹೇಳಬೇಕು. ಜಿತ್ಸಿಯ ಹೆಸರು, ಲಾಂಛನಗಳ ಮೇಲೆ ಈ ಪರವಾನಗಿ ಹಕ್ಕು ಕೊಡುವುದಿಲ್ಲ. ಅದಕ್ಕೇ ನಮ್ಮದಕ್ಕೆ ನಮ್ಮದೇ ಹೆಸರು.

ಇನ್ನೊಂದು ಮಾತು. ದನಿ-ಚಿತ್ರಗಳು ದಾರಿಯಲ್ಲಿ ಗೂಢಲಿಪಿಯಲ್ಲಿ ಹೋದರೂ ಬ್ರಿಡ್ಜ್‌ನಲ್ಲಿ ಬಿಚ್ಚಿಕೊಳ್ಳುತ್ತವೆ. ಅಂದರೆ ಸರ್ವರ್ ನಡೆಸುವವರ ಮೇಲೆ ನಂಬಿಕೆ ಬೇಕು, ಅವರಿಗೆ ಜವಾಬ್ದಾರಿಯೂ ಬೇಕು. 2018ರ ಮೇ 25ರಿಂದ ಜಾರಿಯಲ್ಲಿರುವ ಯೂರೋಪಿನ ದತ್ತಾಂಶ ರಕ್ಷಣೆಯ ನಿಯಮ (ಡಚ್ಚರ ಎವಿಜಿ) ಸಂಘಗಳಿಗೂ ಅನ್ವಯಿಸುತ್ತದೆ. ತಂದೆತಾಯಿಗಳ ಒಪ್ಪಿಗೆ ಇಲ್ಲದೆ ಮಕ್ಕಳ ತರಗತಿಯನ್ನು ನಾವು ಮುದ್ರಿಸಿಕೊಳ್ಳುವುದಿಲ್ಲ.

ಕಿಕ್ ಮತ್ತು ಬೇಸ್ ಜಗಳ

ತರಗತಿ ಸರಿಹೋಯಿತು. ರಾಜ್ಯೋತ್ಸವಕ್ಕೆ ಮಗನ ಮೃದಂಗ, ಸ್ನೇಹಿತರ ಮಗಳ ಬೇಸ್ ಗಿಟಾರ್ ಸೇರಿಸಿ ಒಂದು ಹಾಡು ಮುದ್ರಿಸುವುದೆಂದು ತೀರ್ಮಾನವಾಯಿತು. ಕೇಳಿದರೆ ‘ತೊಂ’ ಮತ್ತೆ ಕಾಣೆ! ಈ ಸಲ ಕಳ್ಳ ಬೇರೆ.

1990ರ ದಶಕದಲ್ಲಿ ರಾಟರ್‌ಡ್ಯಾಮಿನಲ್ಲಿ ಹಬ್ಬಿದ ‘ಗ್ಯಾಬರ್’ ಸಂಗೀತದ ಜೀವವೇ ಕಿಕ್ ಡ್ರಮ್ಮು. ಕಿಕ್ ಮತ್ತು ಬೇಸ್ ಎರಡೂ ಕೆಳದನಿಗಳು. ಒಂದೇ ಜಾಗಕ್ಕೆ ಕಾದಾಡುತ್ತವೆ. ಹತ್ತಿರದ ಎರಡು ದನಿಗಳಲ್ಲಿ ಜೋರಿನದು ಇನ್ನೊಂದನ್ನು ಕಿವಿಯಿಂದ ಮರೆಮಾಡುತ್ತದೆ. ನಮ್ಮಲ್ಲಿ ‘ತೊಂ’ 90 ಹರ್ಟ್ಸ್, ಗಿಟಾರಿನ ಎಫ್ ಶಾರ್ಪ್ 92.5 ಹರ್ಟ್ಸ್. ಸೆಕೆಂಡಿಗೆ ಎರಡೂವರೆ ಸಲ ಏರಿಳಿಯುವ ಒಂದು ಕಲಸುಮೇಲೋಗರ! ಕಲಿತ ಪರಿಹಾರಗಳು ಇವು:

1. ತಂತ್ರಾಂಶ ಮುಟ್ಟುವ ಮೊದಲು ರವೆ ಮುಟ್ಟಿ. ಇನ್ನಷ್ಟು ಮೆತ್ತಿ ‘ತೊಂ’ ಕೆಳಗಿಳಿಸಿದಾಗಲೇ ಅರ್ಧ ಜಗಳ ಮುಗಿಯಿತು.

2. ಕೆಳಗೆ ಯಾರು, ಮೇಲೆ ಯಾರು ಎಂದು ನಿರ್ಧರಿಸಿ. ನಾವು ತಳವನ್ನು ‘ತೊಂ’ಗೆ ಬಿಟ್ಟು, ಗಿಟಾರಿನಲ್ಲಿ ಆ ಭಾಗವನ್ನು ಈಕ್ವಲೈಸರಿನಿಂದ ಮೂರು-ನಾಲ್ಕು ಡೆಸಿಬಲ್ ತಗ್ಗಿಸಿದೆವು. ಒಂದನ್ನು ಏರಿಸುವುದಕ್ಕಿಂತ ಇನ್ನೊಂದನ್ನು ಇಳಿಸುವುದು ಲೇಸು. ಹಾಡು, ಪಿಟೀಲು ಇತ್ಯಾದಿಗಳಲ್ಲಿ ಬೇಡದ ಕೆಳದನಿಯನ್ನು ಪೂರ್ತಿ ತೆಗೆಯಿರಿ.

3. ‘ತೊಂ’ ಬಿದ್ದ ಕ್ಷಣ ಮಾತ್ರ ಗಿಟಾರು ತಲೆ ಬಗ್ಗಿಸಲಿ. ಮುಕ್ತ ತಂತ್ರಾಂಶವಾದ ಆಡಾಸಿಟಿಯಲ್ಲಿ ‘ಆಟೊ ಡಕ್’ ಇದನ್ನು ಮಾಡುತ್ತದೆ. ಹೆಚ್ಚು ಬೇಡ, ಬಗ್ಗಿದ್ದು ಕೇಳಿಸಬಾರದು.

4. ಎರಡು ಮುಚ್ಚಿಗೆಗೆ ಎರಡು ಮೈಕು ಇಟ್ಟರೆ, ಒಂದರ ಅಲೆ ಏರುವಾಗ ಇನ್ನೊಂದರದ್ದು ಇಳಿದು ‘ತೊಂ’ ಸೊರಗಬಹುದು. ಒಂದನ್ನು ತಲೆಕೆಳಗು (‘ಇನ್ವರ್ಟ್’) ಮಾಡಿ ಕೇಳಿ. ಯಾವುದು ದಪ್ಪಗಿದೆಯೋ ಅದನ್ನೇ ಇಟ್ಟುಕೊಳ್ಳಿ.

5. ಕೊನೆಗೆ ಫೋನಿನ ಸ್ಪೀಕರಿನಲ್ಲೂ ಕೇಳಿ. ಮೂಲಸ್ವರ ಹೊರಡದಿದ್ದರೂ ಅದರ ಉಪಸ್ವರಗಳು ಕೇಳಿದರೆ ನಮ್ಮ ಮಿದುಳು ಮೂಲವನ್ನು ತಾನೇ ಊಹಿಸಿಕೊಳ್ಳುತ್ತದೆ. ಆದ್ದರಿಂದ ‘ತೊಂ’ನ 180, 270 ಹರ್ಟ್ಸ್ ಆಸುಪಾಸಿನ ಭಾಗವನ್ನು ಕತ್ತರಿಸಬೇಡಿ.

ಆಗದ ಕೆಲಸ ಒಂದಿದೆ

ಬೆಂಗಳೂರಿಗೂ ಆಮ್‌ಸ್ಟರ್‌ಡ್ಯಾಮಿಗೂ ಸುಮಾರು 7,700 ಕಿ.ಮೀ. ಗಾಜಿನ ತಂತಿಯಲ್ಲಿ ಬೆಳಕು ಸೆಕೆಂಡಿಗೆ ಸುಮಾರು ಎರಡು ಲಕ್ಷ ಕಿ.ಮೀ. ಓಡುತ್ತದೆ. ನೇರ ದಾರಿ ಇದ್ದರೂ ಒಂದು ಕಡೆಗೇ 38 ಮಿಲಿಸೆಕೆಂಡ್ ಬೇಕು. ಮೂವತ್ತು ಮಿಲಿಸೆಕೆಂಡ್ ದಾಟಿದರೆ ಜೊತೆಯಲ್ಲಿ ತಾಳ ಹಿಡಿಯುವುದು ಕಷ್ಟ. ಯಾವ ತಂತ್ರಾಂಶವೂ ಇದನ್ನು ಗೆಲ್ಲಲಾರದು. ಹಾಗಾಗಿ ಮೇಷ್ಟ್ರು ನುಡಿಸಿ ನಿಲ್ಲಿಸುತ್ತಾರೆ, ಹುಡುಗ ತಿರುಗಿ ಒಪ್ಪಿಸುತ್ತಾನೆ. ಗುರು ಹೇಳಿಕೊಟ್ಟದ್ದನ್ನು ಶಿಷ್ಯ ಒಪ್ಪಿಸುವುದು ನಮ್ಮ ಹಳೆಯ ಪದ್ಧತಿಯೇ ತಾನೆ? ಅದು ಅಂತರ್ಜಾಲಕ್ಕೂ ಸರಿಹೊಂದುತ್ತದೆ.

ಹೊಸ ಕೊಠಡಿಯ ಮೊದಲ ತರಗತಿಯ ದಿನ ಮಗ ಅರೆಮನಸ್ಸಿನಿಂದ ಕೂತ. ಮೇಷ್ಟ್ರು ಹೆಡ್‌ಫೋನ್ ಹಾಕಿಕೊಂಡು, “ಮೊದಲು ಬರೀ ತೊಂ ನುಡಿಸು ಪುಟ್ಟಾ” ಅಂದರು. ನುಡಿಸಿದ. ಅವರು ಒಂದು ಕ್ಷಣ ಸುಮ್ಮನಿದ್ದು, “ಕೇಳಿಸ್ತು ಕಣೋ. ಅವತ್ತು ನಿನ್ನ ಬೈದಿದ್ದು ನನ್ನದೇ ತಪ್ಪು” ಎಂದರು. ಅಷ್ಟು ದೊಡ್ಡವರು ಒಂಬತ್ತು ವರ್ಷದ ಹುಡುಗನಿಗೆ ಹಾಗೆ ಹೇಳಿದ್ದು ಕೇಳಿ, ಇನ್ನೂ ಹೇಳದೆ ಉಳಿದಿದ್ದ ನಾನೂ ಅಂದು ರಾತ್ರಿ ಅವನಲ್ಲಿ ಕ್ಷಮೆ ಕೇಳಿದೆ.

ನಿಮ್ಮ ಮಕ್ಕಳ ಗುರುಗಳು “ಕೇಳಿಸ್ತಾ ಇಲ್ಲ” ಎಂದರೆ, ಮಕ್ಕಳನ್ನು ಗದರುವ ಮೊದಲು ಒಮ್ಮೆ ನೇರವಾಗಿ ಮುದ್ರಿಸಿ ಕಳಿಸಿ ನೋಡಿ. ನಮ್ಮ ಪೊಟ್ಟಣ ಬೇಕಾದವರು ಈ ಇ-ಪತ್ರಿಕೆಗೆ ಉತ್ತರಿಸಿ. ಒಂದು ಶನಿವಾರ ಕೂತು ಒಟ್ಟಿಗೆ ಕಟ್ಟೋಣ. ಕಾಫಿ ನಮ್ಮ ಮನೆಯದು.

ಸಿರಿಗನ್ನಡಂ ಗೆಲ್ಗೆ!